ಕಾಲೆಳೆಯುವ ಪಾತ್ರ

ಸೆಪ್ಟೆಂಬರ್ ತಿಂಗಳು. ಫ್ರಾನ್ಸಿನ ಆ ಹಳ್ಳಿಯಲ್ಲಿ ದ್ರಾಕ್ಷಿ ಕೊಯ್ಲು ಅರ್ಧಕ್ಕೆ ಬಂದಿತ್ತು. ಮಂಡಿ ಸವೆದು ನೃತ್ಯ ಬಿಟ್ಟು ನಟಿಯಾಗಿದ್ದ ಸೊಲಾಂಜ್, ಅಮ್ಮನ ಜೊತೆ ಗೊಂಚಲು ಕತ್ತರಿಸುತ್ತಿದ್ದಳು.

ಹದಿನೆಂಟು ವರ್ಷ ಕುಣಿದ ಕಾಲು. ಪಾತ್ರ ಕೇಳಿಕೊಂಡು ಹೋದಲ್ಲೆಲ್ಲ, ‘ನಿಮ್ಮ ನಡಿಗೆ ತೀರಾ ಚೆಂದ’ ಎಂದು ಹಿಂದಕ್ಕೆ ಕಳಿಸುತ್ತಿದ್ದರು. ಕೊನೆಗೊಮ್ಮೆ ಅವಳು ಅಮ್ಮನ ಹಾಗೆಯೇ ಸೊಂಟ ವಾಲಿಸಿ, ಎಡಗಾಲು ಎಳೆದು ನಡೆದು ತೋರಿಸಿದಳು. ರೈತ ಹೆಂಗಸಿನ ಪಾತ್ರ ಸಿಕ್ಕಿತು. ನಾಟಕ ಗೆದ್ದು ಸಿನಿಮಾ ಕೂಡ ಆಯಿತು. ಅಮ್ಮನನ್ನು ಮಾತ್ರ ಒಂದು ಮಾತು ಕೇಳಿರಲಿಲ್ಲ. ನಿನ್ನೆ ಪೇಟೆಯ ಟಾಕೀಸಿನಲ್ಲಿ ಆ ಸಿನಿಮಾ ನೋಡಿ ಬಂದ ಅಮ್ಮ, ಬೆಳಗಿನಿಂದ ಗೊಂಚಲುಗಳನ್ನು ಬುಟ್ಟಿಗೆ ರಪರಪ ಎಸೆಯುತ್ತಿದ್ದಳು.

“ಬೇಜಾರಾಯ್ತೇನಮ್ಮ?”

“ಆಗ್ದೆ ಇರತ್ತಾ? ನಮ್ಮೂರವರೆಲ್ಲ ಬಾಯಿಗೆ ಕೈ ಅಡ್ಡ ಇಟ್ಕೊಂಡು ನಗ್ತಿದ್ರು. ಅಷ್ಟು ವರ್ಷ ಕುಣಿತ ಕಲಿಸಿದ್ದು ಹೀಗೆ ಕುಂಟೋಕಾ?”

“ತಪ್ಪಾಯ್ತು. ಮೊದ್ಲೇ ನಿನ್ನ ಕೇಳ್ಬೇಕಿತ್ತು.”

“ನನ್ನೇನು ಕೇಳ್ತೀಯ?”

ಅಮ್ಮ ತುಂಬಿದ ಬುಟ್ಟಿ ಎತ್ತಿಕೊಂಡು, ಕಾಲೆಳೆಯುತ್ತ ಗಾಡಿಯ ಕಡೆ ಹೊರಟಳು.

“ಹೋಗಿ ಪಕ್ಕದ ಮನೆ ಒಡೆಟ್ ಹತ್ರ ಕ್ಷಮೆ ಕೇಳು. ಪಾಪ, ಕಾಲು ಸರಿ ಇಲ್ಲದೋರನ್ನ ಹಾಗೆ ಅಣಕಿಸ್ಬಾರ್ದು ಕಣೆ.”