ಬಂಡೆಯಂಚಿನ ಫೋಟೊ

ಆಲ್ಪ್ಸ್ ಪರ್ವತದ ಆ ಹಳ್ಳಿಗೆ ಒಂದು ದಿನದ ಪ್ರವಾಸ ಬಂದವರು ಎಂಟೇ ಜನ. ಗೈಡ್ ಫ್ಲೇವಿಯಾ ಮಂಗಳೂರು ಕಡೆಯವಳು. ಊಟವಾದ ಮೇಲೆ ವಾರಿಜಾಳ ಗಂಡ ಫೋಟೊ ತೆಗೆಯುತ್ತೇನೆಂದು ಅವಳನ್ನು ಗುಂಪಿನಿಂದ ದೂರ, ಬಂಡೆಯಂಚಿಗೆ ಕರೆದೊಯ್ದ. ಕೆಳಗೆ ಆಳವಾದ ಕಣಿವೆ.

"ಭಯ ಆಗ್ತಿದೆ ಕಣ್ರೀ."

"ಕಣ್ಣು ಮುಚ್ಕೊಂಡು ಹಿಂದೆ ಸರಿ. ನಾನು ಹೇಳಿದಾಗ ತೆರೆ."

ಕಣ್ಣು ಮುಚ್ಚಿ ಅವಳು ಎರಡು ಹೆಜ್ಜೆ ಹಿಂದೆ ಸರಿದಳು. ಹೆಜ್ಜೆ ಸಪ್ಪಳ ಹತ್ತಿರವಾಯಿತು.

"ಇನ್ನೊಂದೇ ಹೆಜ್ಜೆ."

ಯಾರೋ ಕೈ ಹಿಡಿದು ಜೋರಾಗಿ ಮುಂದಕ್ಕೆಳೆದರು. ಕಣ್ಣು ಬಿಟ್ಟರೆ ಫ್ಲೇವಿಯಾ, ಏದುಸಿರು ಬಿಡುತ್ತಿದ್ದಳು.

ವ್ಯಾನಿನಲ್ಲಿ ಅವಳು ವಾರಿಜಾಳನ್ನು ತನ್ನ ಪಕ್ಕದಲ್ಲೇ ಕೂರಿಸಿಕೊಂಡಳು.

"ನೀವು ಸುಮ್ನೆ ಹೆದರಿದ್ರಿ. ಅವರು ಮೊಬೈಲಲ್ಲಿ ಫೋಟೊ ತೆಗೀತಿದ್ರು ಅಷ್ಟೇ," ಎಂದಳು ವಾರಿಜಾ.

ಫ್ಲೇವಿಯಾ ದನಿ ತಗ್ಗಿಸಿದಳು. "ಅವರ ಮೊಬೈಲು ಬೆಳಿಗ್ಗೆಯಿಂದ ಈ ವ್ಯಾನಲ್ಲೇ ಚಾರ್ಜಿಗಿದೆ, ಮೇಡಂ."