ನಿರುದ್ಯೋಗವಿಲ್ಲದ ಬೀದಿ

"ನಿರುದ್ಯೋಗ ಅರ್ಧಕ್ಕರ್ಧ ಇಳಿದಿದೆ!" ಅಂಕಿ-ಅಂಶ ಇಲಾಖೆಯ ನಿರ್ದೇಶಕರು ಸಮೀಕ್ಷೆಯ ವರದಿಯನ್ನು ಮೇಜಿನ ಮೇಲೆ ತಳ್ಳಿ ಕುರ್ಚಿಗೆ ಒರಗಿದರು. "ನೂಲಿನ ಗಿರಣಿ ಮುಚ್ಚಿತಲ್ಲ, ಆ ಬೀದಿಯಲ್ಲೂ ಕೆಲಸ ಇಲ್ಲದವರು ಒಬ್ಬರೂ ಇಲ್ಲ. ಸಹಿ ಹಾಕಮ್ಮ, ಮಂತ್ರಿಗಳು ಕಾಯ್ತಿದ್ದಾರೆ."

ಸಂಖ್ಯಾಶಾಸ್ತ್ರಜ್ಞೆ ಪೆನ್ನು ಮುಟ್ಟಲಿಲ್ಲ. ಸಮೀಕ್ಷೆಯವರ ಕೈಗೆ ಸಿಗದ ಜನರನ್ನು ಲೆಕ್ಕಕ್ಕೆ ತರುವುದು ಹೇಗೆ ಎಂಬ ಸಂಶೋಧನೆಯಲ್ಲೇ ಆಕೆ ಅರ್ಧ ಆಯಸ್ಸು ಸವೆಸಿದ್ದಳು.

"ಸರ್, ಆ ಬೀದೀಲಿ ಮುಕ್ಕಾಲು ಪಾಲು ಮನೆಗೆ ಬೀಗ, ಉಳಿದಿರೋದು ಬೇರೆ ಕೆಲಸ ಸಿಕ್ಕಿದವರು ಮಾತ್ರ. ಬೀಗದ ಮನೆಗಳನ್ನೆಲ್ಲ ಬಿಟ್ಟು, ಪಕ್ಕದ ಬೀದಿಯವರನ್ನ ಕೇಳಿ ಫಾರಂ ತುಂಬಿಸಿದ್ದಾರೆ. ಅಲ್ಲಿರೋರೆಲ್ಲ ಬ್ಯಾಂಕಿನವರು, ಮೇಷ್ಟ್ರುಗಳು."

"ಮತ್ತೇನು, ಬೀಗವನ್ನ ಕೂರಿಸಿಕೊಂಡು ಪ್ರಶ್ನೆ ಕೇಳಬೇಕಿತ್ತಾ?"

"ಬೀಗ ಹಾಕಿ ಹೋದವರನ್ನ ಹುಡುಕಿ ಕೇಳಬೇಕಿತ್ತು. ಅವರಲ್ಲಿ ನಮ್ಮಣ್ಣನೂ ಒಬ್ಬ. ಕೆಲಸ ಹುಡುಕ್ತಾ ಅತ್ತಿಗೆ, ಮಕ್ಕಳ ಜೊತೆ ಊರೂರು ಅಲೀತಿದ್ದಾನೆ. ಈ ವರದಿ ಹೋದ್ರೆ, ಗಿರಣಿ ಮುಚ್ಚಿದ್ದಕ್ಕೆ ಅವರಿಗೆಲ್ಲ ಸರ್ಕಾರದಿಂದ ಬರೋ ಪರಿಹಾರಾನೂ ನಿಲ್ಲುತ್ತೆ."

ನಿರ್ದೇಶಕರು ಹಲ್ಲು ಕಿರಿದರು. "ನಿನ್ನ ಅಣ್ಣನ ಗೋಳೆಲ್ಲ ಅಂಕಿ-ಅಂಶ ಆಗಲ್ಲಮ್ಮ."

ಆಕೆ ವರದಿಯ ಮೇಲಿದ್ದ ತನ್ನ ಹೆಸರನ್ನು ಹೊಡೆದುಹಾಕಿ ಎದ್ದು ಬಂದಳು. ಬಡ್ತಿಗಾಗಿ ಬಾಯಿ ಬಿಟ್ಟುಕೊಂಡು ಕೂತಿದ್ದ ಸಹೋದ್ಯೋಗಿಯೊಬ್ಬ ಓದುವ ಗೋಜಿಗೂ ಹೋಗದೆ ಅಲ್ಲಿ ಸಹಿ ಗೀಚಿದ.

ಮುಂದಿನ ವಾರವೇ ದೊಡ್ಡ ಸಮಾರಂಭ. ಗಿರಣಿ ಬೀದಿಯ ಜನರೆಂದು ಮುಂದಿನ ಸಾಲಿನಲ್ಲಿ ಕೂರಿಸಿದ್ದು ಪಕ್ಕದ ಬೀದಿಯವರನ್ನು. ಮಂತ್ರಿಗಳು ನಿರ್ದೇಶಕರ ಬೆನ್ನು ತಟ್ಟಿ, "ಎಲ್ಲರ ಕೈಗೂ ಕೆಲಸ ಬಂದ ಮೇಲೆ ಪರಿಹಾರ ಯಾರಿಗೆ ಬೇಕು? ಇವತ್ತಿಂದಲೇ ನಿಲ್ಲಿಸಿದ್ದೇವೆ!" ಎಂದು ಘೋಷಿಸಿದರು. ಇಸ್ತ್ರಿ ಮಾಡಿದ ಅಂಗಿಗಳ ಆ ಸಾಲು, ತಮ್ಮನ್ನು ಯಾಕೆ ಕರೆದಿದ್ದಾರೆಂದು ಕೂಡ ಕೇಳದೆ, ಜೋರಾಗಿ ಚಪ್ಪಾಳೆ ತಟ್ಟಿತು. ನಿರ್ದೇಶಕರು ಕಣ್ಣೊರೆಸಿಕೊಂಡರು. ಕ್ಯಾಮೆರಾದವನಿಗೆ ಅದು ಸಿಗಲಿಲ್ಲವೆಂದು ಗೊತ್ತಾದಾಗ ಮತ್ತೊಮ್ಮೆ ಒರೆಸಿಕೊಂಡರು.

ಕೆಲವು ದಿನ ಕಳೆದ ಮೇಲೆ ಅಣ್ಣನ ಫೋನ್ ಬಂತು. ಯಾವುದೋ ಬಸ್ ನಿಲ್ದಾಣದ ಗದ್ದಲದ ನಡುವೆ ಅವನ ದನಿ ಹೂತುಹೋಗಿತ್ತು.

"ಪರಿಹಾರ ಕೇಳೋಕೆ ಹೋಗಿದ್ದೆ ಕಣೇ. ನಿಮ್ಮ ಬೀದಿಯವರಿಗೆಲ್ಲ ಕೆಲಸ ಸಿಕ್ಕಿದೆ ಅಂತ ವಾಪಸ್ ಕಳಿಸಿದ್ರು." ವ್ಯಂಗ್ಯವೋ, ನಿಜಕ್ಕೂ ನಂಬಿಬಿಟ್ಟಿದ್ದಾನೋ, ಆಕೆಗೆ ತಿಳಿಯಲಿಲ್ಲ. "ನನಗೆ ಎಲ್ಲಿ ಸಿಕ್ಕಿದೆ ಅಂತ ನಿಮ್ಮ ಆಫೀಸಲ್ಲಿ ಸ್ವಲ್ಪ ಕೇಳಿ ಹೇಳೇ. ನಾಳೆನೇ ಹೋಗಿ ಸೇರ್ಕೋತೀನಿ."