ಹಡಗಿನ ಡಿಸ್ಕ್

ಇದು ನಡೆದದ್ದು. ಕಟ್ಟುಕಥೆಯಾಗಿದ್ದರೆ ಕೊನೆಯನ್ನಾದರೂ ಇದಕ್ಕಿಂತ ಚೆನ್ನಾಗಿ ಕಟ್ಟಬಹುದಿತ್ತು.

ನಾಗವೇಣಿ ಟೀವಿಗೆ ಜೋಡಿಸಿದ್ದ ಗೇಮ್ ಪೆಟ್ಟಿಗೆಯ ಮೇಲೆ ಅಂಗೈ ಇಟ್ಟಳು. ಬೆಚ್ಚಗಿತ್ತು.

ಸಂಜೆ ಐದು ಗಂಟೆ. ಸೀರೆ ಅಂಗಡಿಯ ಕೆಲಸ ಮುಗಿಸಿ ಬಂದು ಅವಳು ಬೀಗ ತೆಗೆದದ್ದು ಈಗಷ್ಟೇ. ಮಗ ಮಂಥನ್ ಶಾಲೆಯಿಂದ ನೇರ ಟ್ಯೂಷನ್ನಿಗೆ ಹೋಗಿದ್ದ. ಬೀಗ ಹಾಕಿದ ಮನೆಯಲ್ಲಿ ಆಡಿದವರು ಯಾರು?

ಮಂಥನ್ ಮೂರು ದಿನದಿಂದ ಇದನ್ನೇ ಹೇಳಿ ಗೋಳಾಡುತ್ತಿದ್ದ. "ಮಮ್ಮಿ, ಮೇರಾ ಗೇಮ್ ಕೋಯೀ ಖೇಲ್ ರಹಾ ಹೈ! ನಾನು ಆರನೇ ಲೆವೆಲ್ ಇತ್ತು, ಈಗ ಒಂಬತ್ತು ಇದೆ!" ಸೂರತ್ತಿನಲ್ಲೇ ಹುಟ್ಟಿ ಬೆಳೆದ ಹುಡುಗ. ಅವನ ಕನ್ನಡ ಹಳಿ ತಪ್ಪುತ್ತಿತ್ತು, ಲೆಕ್ಕ ತಪ್ಪುತ್ತಿರಲಿಲ್ಲ.

ಮನೆಗೆ ಮೂರು ಕೀಲಿ. ಒಂದು ಅವಳ ಪರ್ಸಿನಲ್ಲಿ. ಒಂದು ಪಾಂಡೇಸರಾದ ಡೈಯಿಂಗ್ ಮಿಲ್ಲಿನಲ್ಲಿ ಬಣ್ಣ ಬೆರೆಸುವ ಗಂಡ ಸಿದ್ದಲಿಂಗಪ್ಪನ ಜೇಬಿನಲ್ಲಿ. ಮೂರನೆಯದು ಪಕ್ಕದ ಮನೆ ಸೌಮ್ಯಾಳ ಗೋಡೆಯ ಮೊಳೆಗೆ.

ಸೌಮ್ಯಾಳ ಗಂಡ ಉಧ್ನಾ ಸ್ಟೇಷನ್ ಎದುರು ಉಡುಪಿ ಹೋಟೆಲ್ ಇಟ್ಟಿದ್ದ. ಮಗ ನಿತಿನ್, ಮಂಥನ್‌ನ ಜೊತೆಗಾರ. ಎರಡು ಮನೆಗೂ ಸೇರಿ ಹನ್ನೆರಡು ಡಿಸ್ಕ್, ಒಂದೇ ಬಿಸ್ಕತ್ ಡಬ್ಬಿ. ಡಬ್ಬಿ ಒಂದು ವಾರ ಇಲ್ಲಿ, ಒಂದು ವಾರ ಅಲ್ಲಿ. ಆದರೆ ನಿತಿನ್‌ನ ಪೆಟ್ಟಿಗೆ ಕೆಟ್ಟು ರಿಪೇರಿಗೆ ಹೋಗಿ ತಿಂಗಳಾಗಿತ್ತು. ಅವನದು ಬೆಳಗಿನ ಶಾಲೆ, ಮಧ್ಯಾಹ್ನವೆಲ್ಲ ಮನೆಯಲ್ಲೇ. ನಾಗವೇಣಿಗೆ ಇನ್ನೇನು ಪುರಾವೆ ಬೇಕು?

"ನಿತಿನ್ ನಮ್ಮ ಮನ್ಯಾಗ ಬಂದು ಆಡ್ತಾನೇನು?" ಸೌಮ್ಯಾಳ ಮನೆಗೇ ಹೋಗಿ ನೇರವಾಗಿ ಕೇಳಿದಳು.

"ದೇವರಾಣೆ ಅವನಲ್ಲ ಅಕ್ಕ."

"ಅವ ಅಲ್ಲ ಅಂದ್ರ, ಯಾರಂತ ನಿನಗ ಗೊತ್ತದ ಅಂದಂಗಾತು."

ನಾಗವೇಣಿ ಡಬ್ಬಿ ತಂದು ನೆಲದ ಮೇಲೆ ಸುರಿದಳು. ಆರು ನಿಮ್ಮದು, ಆರು ನಮ್ಮದು. ಇವತ್ತಿಗೆ ಮುಗಿಯಿತು, ಕೀಲಿ ಕೊಡು. ಸೌಮ್ಯಾ ಮೊಳೆಯಿಂದ ಕೀಲಿ ತೆಗೆದು ಅವಳ ಅಂಗೈಯಲ್ಲಿಟ್ಟು, ದನಿ ತಗ್ಗಿಸಿ ಹೇಳಿದಳು: "ಕೀಲಿ ತಕೊಳ್ಳಿ ಅಕ್ಕ. ಆದ್ರೆ ಬೀಗ ಮಾತ್ರ ಬದಲಿಸ್ಬೇಡಿ, ಆಯ್ತಾ?"

ಆ ಇಡೀ ಕಟ್ಟಡದಲ್ಲಿ ನಾಗವೇಣಿಗೆ ಕನ್ನಡದಲ್ಲಿ ಜಗಳವಾಡಲಿಕ್ಕೂ ಇದ್ದವಳು ಅವಳೊಬ್ಬಳೇ. ಆ ಜಗಳವನ್ನೂ ಅಂದೇ ಆಡಿ ಮುಗಿಸಿದ್ದಾಯಿತು.

ಸಿದ್ದಲಿಂಗಪ್ಪ ಆರಕ್ಕೆ ಬಂದವನು ಸುದ್ದಿ ಕೇಳಿ, "ಪಾಪ, ಯಾಕ ಬೇಕಿತ್ತು?" ಎಂದ. ಚಪ್ಪಲಿ ಬಿಡುತ್ತಾ, "ಆ ಹಡಗಿಂದು ಡಿಸ್ಕ್ ಮಾತ್ರ ಇನ್ನೆರಡು ದಿನ ಇರ್ಲಿ ಬಿಡು," ಎಂದ. ಅದು ಸೌಮ್ಯಾಳ ಪಾಲಿನದು, ಇನ್ನೂ ಪೆಟ್ಟಿಗೆಯೊಳಗೇ ಇತ್ತು. ಮಗನ ಮೇಲೆ ಎಷ್ಟು ಮಾಯೆ ಎಂದುಕೊಂಡು ನಾಗವೇಣಿ ಬುತ್ತಿ ಡಬ್ಬಿ ತೊಳೆಯಲು ಒಯ್ದಳು. ಅದಾಗಲೇ ತೊಳೆದಿತ್ತು. ಹದಿನೈದು ವರ್ಷ ಮಿಲ್ಲಿನ ಗೆಳೆಯರ ಉಪ್ಪಿನಕಾಯಿ ಮೆತ್ತಿಕೊಂಡು ಬರುತ್ತಿದ್ದ ಡಬ್ಬಿ! ಈ ವಯಸ್ಸಿನಲ್ಲಾದರೂ ಶಿಸ್ತು ಬಂತಲ್ಲ. ಎಷ್ಟು ತಿಕ್ಕಿದರೂ ಹೋಗದಿದ್ದ ಉಗುರಿನ ನೀಲಿ ಕೂಡ ಬಿಡುತ್ತಾ ಬಂದಿತ್ತು. ಹೊಸ ಸಾಬೂನು ಒಳ್ಳೆಯದೇ ಇರಬೇಕು.

ಮರುದಿನ ಪೆಟ್ಟಿಗೆ ಮತ್ತೆ ಬೆಚ್ಚಗಿತ್ತು. ಅಂದರೆ ಸೌಮ್ಯಾ ಇನ್ನೊಂದು ಕೀಲಿ ಮಾಡಿಸಿಟ್ಟಿದ್ದಾಳೆ. ಬೀಗ ಬದಲಿಸಬೇಡಿ ಅಂದದ್ದು ಸುಮ್ಮನೆಯೇ?

ಅದೇ ಸಂಜೆ ವಡೋದರಾದಿಂದ ತಮ್ಮ ಚನ್ನಬಸಪ್ಪ ಬಂದ. ಕಾಲೇಜಿನಲ್ಲಿ ಪಾಠಕ್ಕಿಂತ ಪಾಠ ಮಾಡುವವರ ದನಿಯನ್ನು ಚೆನ್ನಾಗಿ ಕಲಿತವನು. ಸಿದ್ದಲಿಂಗಪ್ಪನ ಮಿಲ್ಲಿನ ಮಾಲೀಕ ಶೇಠ್ ಅಂತೂ ಅವನ ಗಂಟಲಿನಲ್ಲೇ ಮನೆ ಮಾಡಿದ್ದ. ಊಟಕ್ಕೆ ಕೂತಾಗ ಚನ್ನು ಹೊಟ್ಟೆ ಉಬ್ಬಿಸಿ, ಕೆಲಸ ಬಿಟ್ಟು ಕೂತವರನ್ನು ಕಂಡಾಗ ಶೇಠ್ ಗುಡುಗುವ ಮಾತನ್ನು ಗುಡುಗಿದ: "ಕಾಮ್ ಛೋಡ್‌ಕೇ ಇಧರ್ ಕ್ಯಾ ಬೈಠಾ ಹೈ?"

ಮಂಥನ್ ಬಿದ್ದು ಬಿದ್ದು ನಕ್ಕ. ಈ ಮಾತಿಗೆ ಎಲ್ಲರಿಗಿಂತ ಜೋರಾಗಿ ನಗುವವನು ಯಾವಾಗಲೂ ಸಿದ್ದಲಿಂಗಪ್ಪ. ಅಂದು ತಟ್ಟೆಯಲ್ಲಿ ರೊಟ್ಟಿ ಮುರಿಯುತ್ತಲೇ ಇದ್ದ.

"ಯಾಕ್ರಿ ಮಾವಾ, ಬಣ್ಣ ಬೆರೆಸೋರು ನೀವು, ನಿಮ್ಮ ಮಾರಿ ಬಣ್ಣಾ ಇಳಿಸೋರು ಶೇಠ್ ಏನು?" ಎಂದು ಚನ್ನು ಕೆಣಕಿದ.

"ಹೊಟ್ಟಿ ಸರಿ ಇಲ್ಲೋ," ಎಂದು ಅವನು ಅರ್ಧಕ್ಕೇ ಎದ್ದ.

ಮರುದಿನ ನಾಗವೇಣಿ ಅಂಗಡಿಗೆ ರಜೆ ಹೇಳಿದಳು. ಚನ್ನು ಬೆಳಿಗ್ಗೆಯೇ ವಾಪಸ್ ಹೊರಡುತ್ತಾನೆಂದುಕೊಂಡು ಗಂಡ ಬುತ್ತಿ ಹಿಡಿದು ಹೊರಟ. ಮಗ ಶಾಲೆಗೆ ಹೋದ. ಅವಳು ಎಂದಿನಂತೆ ಹೊರಗಿನಿಂದ ಬೀಗ ಹಾಕಿ, ಚನ್ನು ತೆರೆದಿಟ್ಟಿದ್ದ ಹಿತ್ತಲ ಬಾಗಿಲಿನಿಂದ ಒಳಗೆ ಬಂದಳು. ಅಡುಗೆಮನೆಯ ಪರದೆಯ ಹಿಂದೆ ಇಬ್ಬರೂ ಕೂತರು.

"ಆ ಹುಡುಗ ಬರ್ಲಿ ಅಕ್ಕಾ. ಶೇಠ್ ದನಿ ಕೇಳಿದ್ರ ಚಡ್ಡಿ ಒದ್ದಿ ಆಗ್ತದ."

"ಹೆದರಿಸು, ಹೊಡೀಬ್ಯಾಡ. ಸೌಮ್ಯಾ ಬಂದು ನನ್ನ ಮುಂದ ತಲಿ ತಗ್ಗಸ್ಬೇಕು. ಅಷ್ಟ ಸಾಕು."

ಹನ್ನೊಂದಕ್ಕೆ ಬೀಗದಲ್ಲಿ ಕೀಲಿ ತಿರುಗಿತು. ಅವಸರವಿಲ್ಲ, ಅಂಜಿಕೆಯಿಲ್ಲ. ಚಪ್ಪಲಿ ಬಿಟ್ಟ ಸದ್ದು. ಟೀವಿ ಹತ್ತಿತು. ಹಡಗಿನ ಆಟದ ಸಂಗೀತ ಶುರುವಾಯಿತು.

ನಾಗವೇಣಿ ಸೆರಗನ್ನು ಬಾಯಿಗೆ ತುರುಕಿಕೊಂಡಳು. ಚನ್ನು ಎದೆ ತುಂಬ ಉಸಿರೆಳೆದುಕೊಂಡ.

"ಕಾಮ್ ಛೋಡ್‌ಕೇ ಇಧರ್ ಕ್ಯಾ ಬೈಠಾ ಹೈ?"

ಕೈಯಲ್ಲಿದ್ದ ಕಂಟ್ರೋಲರ್ ನೆಲಕ್ಕೆ ಬಿತ್ತು. ದಡಬಡ ಎದ್ದು ನಿಂತ ಸದ್ದು. ಆಮೇಲೆ ನಡುಗುವ ಹಿಂದಿ: "ಕಾಮ್ ಕಿಧರ್ ಹೈ ಶೇಠ್‌ಜೀ? ಆಪ್ ನೇ ಹೀ ತೋ ನಿಕಾಲ್ ದಿಯಾ. ಬೀಸ್ ದಿನ್ ಹೋ ಗಯಾ. ವಾಪಸ್ ಲೇ ಲೋ ನಾ..." ಕೆಲಸದಿಂದ ತೆಗೆದು ಇಪ್ಪತ್ತು ದಿನವಾಯಿತು, ತಿರುಗಿ ಸೇರಿಸಿಕೊಳ್ಳಿ ಎಂಬ ಗೋಗರೆತ.

ಚನ್ನು ಪರದೆ ಸರಿಸಿದ. ಟೀವಿಯಲ್ಲಿ ಹಡಗು ತಾನಾಗಿ ಬಂಡೆಯ ಕಡೆ ಹೋಗುತ್ತಿತ್ತು. ಪಕ್ಕದಲ್ಲಿ ನಾಗವೇಣಿ ಬೆಳಿಗ್ಗೆ ಕಟ್ಟಿಕೊಟ್ಟ ಬುತ್ತಿ. ಕೈ ಮುಗಿದು, ತಲೆ ತಗ್ಗಿಸಿ ನಿಂತವನು ನಿಧಾನ ಕಣ್ಣೆತ್ತಿದ. ಗೋಡೆಯಾಚೆ ಸೌಮ್ಯಾಳ ಮನೆಯ ರೇಡಿಯೋ ಥಟ್ಟನೆ ನಿಂತಿತು.

ಎಂದಿನಂತೆ, ಎಲ್ಲರಿಗಿಂತ ಜೋರಾಗಿ ನಕ್ಕವನು ಸಿದ್ದಲಿಂಗಪ್ಪನೇ.